ಮೂಳೆಯೋ, ಅಸ್ಥಿಯೋ?

ಕನ್ನಡದಲ್ಲಿ 'ಮೂಳೆ' ಎಂಬ ಮಾತೂ ಉಂಟು, 'ಅಸ್ಥಿ' ಎಂಬ ಮಾತೂ ಉಂಟು. ನಿಘಂಟನ್ನು ತೆರೆದು ನೋಡಿದರೆ ಎರಡಕ್ಕೂ ಅರ್ಥ ಒಂದೇ. ಆದರೆ ನಿಘಂಟಿನ ಅರ್ಥವು ಭಾಷೆಯ ಪೂರ್ಣಾರ್ಥವಲ್ಲವಷ್ಟೆ. ನಾಯಿ ಕಚ್ಚಿಕೊಂಡು ಓಡುವುದು ಮೂಳೆ. ಬಿದ್ದು ಮುರಿದುಕೊಂಡಾಗ ವೈದ್ಯರು ಪಟ್ಟಿ ಕಟ್ಟಿ ಕೂಡಿಸುವುದೂ ಮೂಳೆಯೇ. ಚಿತೆಯು ಆರಿದ ಮೇಲೆ ಮಗನಾದವನು ಬೂದಿಯೊಳಗಿಂದ ಆಯ್ದು, ಕುಡಿಕೆಯಲ್ಲಿ ತುಂಬಿ, ಶ್ರೀರಂಗಪಟ್ಟಣದ ಪಶ್ಚಿಮವಾಹಿನಿಗೆ ಕೊಂಡೊಯ್ಯುತ್ತಾನಲ್ಲ, ಅದು ಮಾತ್ರ ಅಸ್ಥಿ. 'ಅಸ್ಥಿಪಂಜರ'ವೆಂಬ ಶಾಸ್ತ್ರದ ಮಾತೊಂದನ್ನು ಬಿಟ್ಟರೆ, ಬಿಡಿಯಾಗಿ 'ಅಸ್ಥಿ' ಎಂದೊಡನೆ ಅದಕ್ಕೊಬ್ಬ ವಾರಸುದಾರನಿದ್ದಾನೆ, ಸಲ್ಲಬೇಕಾದ ಸಂಸ್ಕಾರವೊಂದಿದೆ ಎಂಬ ಭಾವನೆಯು ಅದರ ಬೆನ್ನಿಗೇ ಬರುತ್ತದೆ.

ಹಾಗಾದರೆ, 8,500 ವರ್ಷಗಳ ಹಿಂದೆ ಸತ್ತವನೊಬ್ಬನ ಎಲುಬುಗಳು ಇಂದು ನದಿಯ ದಡದಲ್ಲಿ ದೊರೆತರೆ ಅವನ್ನು ಏನೆಂದು ಕರೆಯೋಣ? ಅಷ್ಟು ದೀರ್ಘ ಕಾಲವು ಕಳೆದ ಮೇಲೆ ಅವಕ್ಕೆ ವಾರಸುದಾರರು ಇರುವುದು ಸಾಧ್ಯವೇ? ಅಥವಾ ಅವು ಮಾನವಕುಲಕ್ಕೆಲ್ಲ ಸೇರಿದ, ವಿದ್ವಾಂಸರು ಅಳೆದು ತೂಗಿ ನೋಡಬೇಕಾದ ಶಾಸ್ತ್ರಸಾಮಗ್ರಿಯೇ? ಅಮೆರಿಕದ ಸಂಯುಕ್ತ ಸಂಸ್ಥಾನದಲ್ಲಿ ಈ ಪ್ರಶ್ನೆಯು ನ್ಯಾಯಾಲಯದ ಮೆಟ್ಟಿಲನ್ನೇರಿತು. ಪೂರ್ಣ ಉತ್ತರ ದೊರೆಯುವುದಕ್ಕೆ ಇಪ್ಪತ್ತು ವರ್ಷಗಳು ಹಿಡಿದವು. ಆ ವೃತ್ತಾಂತವನ್ನು ಈ ವಾರ ವಾಚಕರ ಮುಂದಿಡುತ್ತಿದ್ದೇನೆ. ಆದರೆ ಅದಕ್ಕೆ ಮೊದಲು, ಆ ಎಲುಬುಗಳಿಗೆ ಅಷ್ಟೊಂದು ಬೆಲೆ ಏಕೆ ಬಂದಿತೆಂಬುದನ್ನು ತಿಳಿಯಬೇಕು.

ಮೊದಲಿಗರು ಯಾರು?

1492ರ ಅಕ್ಟೋಬರ್ ತಿಂಗಳಿನಲ್ಲಿ ಕೊಲಂಬಸನು ಅಟ್ಲಾಂಟಿಕ್ ಸಾಗರವನ್ನು ದಾಟಿ ಒಂದು ದ್ವೀಪವನ್ನು ಮುಟ್ಟಿದಾಗ, ತಾನು ಇಂಡಿಯಾದ ಸಮೀಪಕ್ಕೆ ಬಂದೆನೆಂದೇ ಬಗೆದನು. ಅಲ್ಲಿ ಕಂಡ ಜನರನ್ನು 'ಇಂಡಿಯನ್ನರು' ಎಂದು ಕರೆದನು. ಹೀಗೆ ನಮ್ಮ ದೇಶದ ಹೆಸರು, ನಮ್ಮನ್ನು ಕಂಡು ಕೇಳಿ ಅರಿಯದ ದೂರದ ಜನಾಂಗಗಳಿಗೆ ಅಂಟಿಕೊಂಡಿತು. ಐನೂರು ವರ್ಷಗಳು ಕಳೆದರೂ ಇನ್ನೂ ಪೂರ್ತಿಯಾಗಿ ಬಿಟ್ಟುಹೋಗಿಲ್ಲ. ಉತ್ತರದ ಹಿಮಭೂಮಿಯಿಂದ ದಕ್ಷಿಣದ ತುತ್ತತುದಿಯವರೆಗೆ ಎರಡು ಮಹಾಖಂಡಗಳನ್ನೂ ತುಂಬಿಕೊಂಡು, ನೂರಾರು ಭಾಷೆಗಳನ್ನಾಡುತ್ತಿದ್ದ ಈ ಜನರು ಅಲ್ಲಿಗೆ ಬಂದುದು ಹೇಗೆ, ಎಂದು? ಬೈಬಲಿನಲ್ಲಾಗಲಿ ಗ್ರೀಕರ ಗ್ರಂಥಗಳಲ್ಲಾಗಲಿ ಅವರ ಪ್ರಸ್ತಾಪವಿರಲಿಲ್ಲ. ಇಸ್ರೇಲಿನಿಂದ ಕಾಣೆಯಾದ ಕುಲಗಳವರು ಇವರೇ ಎಂದು ಕೆಲವರೆಂದರು. ಕಡಲಿನಲ್ಲಿ ಮುಳುಗಿತೆನ್ನಲಾದ ಅಟ್ಲಾಂಟಿಸ್ಸಿನಿಂದ ಬಂದವರೆಂದು ಇನ್ನು ಕೆಲವರೆಂದರು.

ಈ ಗೊಂದಲದ ನಡುವೆ ವಿವೇಕದ ಮಾತನ್ನಾಡಿದವನು ಪೆರು ದೇಶದಲ್ಲಿ ಬಹುಕಾಲ ವಾಸವಾಗಿದ್ದ ಸ್ಪೇನಿನ ಪಾದ್ರಿ, ಹೊಸೆ ದೆ ಅಕೋಸ್ತ. 1590ರಲ್ಲಿ ಪ್ರಕಟವಾದ ತನ್ನ ಗ್ರಂಥದಲ್ಲಿ ಅವನು ಒಂದು ಸೊಗಸಾದ ತರ್ಕವನ್ನು ಹೂಡಿದನು. ಮನುಷ್ಯರೇನೋ ಹಡಗಿನಲ್ಲಿ ಬಂದಿರಬಹುದು. ಆದರೆ ತೋಳದಂತಹ ಕ್ರೂರ ಮೃಗಗಳನ್ನು ಹಡಗಿನಲ್ಲಿ ಹೇರಿಕೊಂಡು ಬರುವ ಮೂರ್ಖರು ಯಾರಿದ್ದಾರೆ? ಆದುದರಿಂದ ಹಳೆಯ ಪ್ರಪಂಚವೂ ಹೊಸ ಪ್ರಪಂಚವೂ ಎಲ್ಲಿಯೋ ಒಂದೆಡೆ ಕೂಡಿಕೊಂಡಿರಬೇಕು, ಇಲ್ಲವೇ ಬಹಳ ಹತ್ತಿರವಿರಬೇಕು ಎಂದು ಅವನು ಊಹಿಸಿದನು. ವಿಟುಸ್ ಬೇರಿಂಗನು ಏಷ್ಯಾ ಅಮೆರಿಕಗಳ ನಡುವಣ ಜಲಸಂಧಿಯಲ್ಲಿ ಹಡಗು ನಡೆಸಿದುದು 1728ರಲ್ಲಿ. ಅಂದರೆ ಈ ಊಹೆಯು ಹುಟ್ಟಿ ನೂರಮೂವತ್ತೆಂಟು ವರ್ಷಗಳು ಕಳೆದ ಮೇಲೆ. ಇಂದು ಆ ಜಲಸಂಧಿಯ ಅಗಲ ಸುಮಾರು 85 ಕಿಲೋಮೀಟರು. ಆದರೆ 20,000 ವರ್ಷಗಳ ಹಿಂದಿನ ಹಿಮಯುಗದಲ್ಲಿ ಭೂಮಿಯ ಬಹಳಷ್ಟು ನೀರು ಮಂಜುಗಡ್ಡೆಯಾಗಿ ನೆಲದ ಮೇಲೆ ನಿಂತಿತ್ತು. ಸಮುದ್ರದ ಮಟ್ಟವು ಇಂದಿಗಿಂತ ಸುಮಾರು 120 ಮೀಟರು ತಗ್ಗಿತ್ತು. ಈಗ ಅಲೆಗಳಾಡುವ ಕಡೆಯಲ್ಲಿ ಆಗ ನೂರಾರು ಮೈಲಿ ಅಗಲದ ಹುಲ್ಲುಗಾವಲಿತ್ತು. ಆನೆಯ ಜಾತಿಯ ಮ್ಯಾಮತ್ ಎಂಬ ಮಹಾಮೃಗಗಳೂ ಕಾಡುಕೋಣಗಳೂ ಅಲ್ಲಿ ಮೇಯುತ್ತಿದ್ದುವು. ಆ ಮೃಗಗಳ ಬೆನ್ನು ಹಿಡಿದು ಮನುಷ್ಯರೂ ಬಂದರು. ಅಕೋಸ್ತನ ಊಹೆಯು ಹೀಗೆ ಸಾರ್ಥಕವಾಯಿತು.

ಕುದುರೆ ಸವಾರನ ಕಣ್ಣು

ಬಂದುದು ಹೇಗೆಂಬುದಕ್ಕಿಂತ ಬಂದುದು ಎಂದು ಎಂಬ ಪ್ರಶ್ನೆಯೇ ಕಠಿನವಾಗಿತ್ತು. ಇಪ್ಪತ್ತನೆಯ ಶತಮಾನದ ಆರಂಭದಲ್ಲಿ ವಾಷಿಂಗ್‌ಟನ್ನಿನ ರಾಷ್ಟ್ರೀಯ ವಸ್ತುಸಂಗ್ರಹಾಲಯದಲ್ಲಿದ್ದ ಅಲೆಶ್ ಹರ್ಡ್ಲಿಚ್ಕ ಎಂಬ ಮಾನವಶಾಸ್ತ್ರಜ್ಞರು ಈ ವಿಷಯದಲ್ಲಿ ದ್ವಾರಪಾಲಕರಂತಿದ್ದರು. ಅಮೆರಿಕದಲ್ಲಿ ಮನುಷ್ಯನು ಕಾಲಿಟ್ಟು ಕೆಲವೇ ಸಾವಿರ ವರ್ಷಗಳಾದುವೆಂದು ಅವರ ಮತ. ಅದಕ್ಕಿಂತ ಹಳೆಯದೆಂದು ಯಾರಾದರೂ ಒಂದು ಬುರುಡೆಯನ್ನು ತಂದು ತೋರಿಸಿದರೆ ಸಾಕು, ಅದರಲ್ಲಿ ಹತ್ತು ದೋಷಗಳನ್ನು ಎತ್ತಿ ಹಿಂದಕ್ಕೆ ಕಳುಹಿಸುತ್ತಿದ್ದರು.

ಈ ಕೋಟೆಯನ್ನು ಒಡೆಯಲು ದಾರಿ ತೋರಿಸಿದವನು ಶಾಲೆಯ ಮುಖ ಕಾಣದ ಒಬ್ಬ ದನಗಾಹಿ. ಅವನ ಹೆಸರು ಜಾರ್ಜ್ ಮೆಕ್‌ಜಂಕಿನ್. ಟೆಕ್ಸಾಸಿನಲ್ಲಿ ಗುಲಾಮನಾಗಿ ಹುಟ್ಟಿದ ನೀಗ್ರೋ ಕುಲದ ಆತ, ಬಿಡುಗಡೆಯ ನಂತರ ಕುದುರೆ ಪಳಗಿಸುವುದನ್ನು ಕಲಿತು, ಓದುಬರಹವನ್ನೂ ಸ್ವಂತ ಪ್ರಯತ್ನದಿಂದ ಸಾಧಿಸಿ, ನ್ಯೂ ಮೆಕ್ಸಿಕೋ ಪ್ರಾಂತದ ಫೋಲ್ಸಮ್ ಎಂಬ ಊರಿನ ಬಳಿ ಒಂದು ದೊಡ್ಡ ಪಶುಶಾಲೆಯ ಮೇಸ್ತ್ರಿಯಾಗಿದ್ದನು. ಕಲ್ಲು, ಮೂಳೆ, ನಕ್ಷತ್ರ, ಯಾವುದನ್ನು ಕಂಡರೂ ಅವನಿಗೆ ಕುತೂಹಲ. 1908ರ ಆಗಸ್ಟಿನಲ್ಲಿ ಘೋರವಾದ ಪ್ರವಾಹವೊಂದು ಆ ಊರನ್ನು ಕೊಚ್ಚಿತು. ನೀರಿಳಿದ ಮೇಲೆ ಬೇಲಿಗಳು ಏನಾದುವೆಂದು ನೋಡಲು ಹೋದ ಮೆಕ್‌ಜಂಕಿನ್ನನಿಗೆ, ನೀರು ಕೊರೆದ ಆಳವಾದ ಕಮರಿಯ ಗೋಡೆಯಲ್ಲಿ ಎಲುಬುಗಳು ಚಾಚಿಕೊಂಡಿರುವುದು ಕಂಡಿತು. ಬೇರೆ ಯಾರಾದರೂ ಆಗಿದ್ದರೆ ಸತ್ತ ದನದ ಮೂಳೆಯೆಂದು ಮುಂದೆ ಸಾಗುತ್ತಿದ್ದರು. ಅವನು ಕೆಳಗಿಳಿದು ನೋಡಿದನು. ಇವು ಕಾಡುಕೋಣದ ಮೂಳೆಗಳು, ಆದರೆ ಈಗಿನ ಕಾಡುಕೋಣದ ಮೂಳೆಗಳಿಗಿಂತ ದೊಡ್ಡವು. ಇಷ್ಟು ಆಳದಲ್ಲಿ ಹೂತಿರಬೇಕಾದರೆ ಬಹಳ ಹಳೆಯವು ಎಂದು ಅವನಿಗೆ ಹೊಳೆಯಿತು. ಕೇಳುವವರಿಗೆಲ್ಲ ಹೇಳಿದನು. ಬಂದು ನೋಡಿದವರಿಲ್ಲ. 1922ರಲ್ಲಿ ಅವನು ತೀರಿಕೊಂಡನು.

ಅವನು ಹೇಳಿದ ಮಾತನ್ನು ಮರೆಯದಿದ್ದವರು ಸಮೀಪದ ಊರಿನ ಒಬ್ಬ ಕಮ್ಮಾರ ಮತ್ತು ಅವರ ಕೆಲವು ಸ್ನೇಹಿತರು. ಅವರ ಮೂಲಕ ಸುದ್ದಿಯು ಡೆನ್ವರ್ ನಗರದ ವಸ್ತುಸಂಗ್ರಹಾಲಯಕ್ಕೆ ಮುಟ್ಟಿ, 1926ರಲ್ಲಿ ಅಗೆತ ಆರಂಭವಾಯಿತು. ಮರುವರ್ಷ, 1927ರ ಆಗಸ್ಟಿನಲ್ಲಿ, ಆ ಕಾಡುಕೋಣದ ಪಕ್ಕೆಲುಬುಗಳ ನಡುವೆ ಮನುಷ್ಯನ ಕೈಯಿಂದ ಕಡೆದ ಕಲ್ಲಿನ ಭರ್ಜಿಯ ಮೊನೆಯು, ನೆಟ್ಟುದು ನೆಟ್ಟಂತೆಯೇ ದೊರೆಯಿತು. ಈ ಬಾರಿ ಅದನ್ನು ಕೀಳದೆ ಹಾಗೆಯೇ ಬಿಟ್ಟು, ದೇಶದ ಪಂಡಿತರಿಗೆಲ್ಲ ತಂತಿ ಕೊಟ್ಟರು. ಬಂದವರು ತಮ್ಮ ಕಣ್ಣಿನಿಂದಲೇ ನೋಡಿ ಒಪ್ಪಿದರು. ಹಿಮಯುಗದೊಡನೆ ನಿರ್ನಾಮವಾದ ಮೃಗವನ್ನು ಮನುಷ್ಯನು ಬೇಟೆಯಾಡಿದ್ದನೆಂದ ಮೇಲೆ ಅವನೂ ಅಷ್ಟೇ ಹಳಬನಾಗಲೇಬೇಕಷ್ಟೆ! ಈಗಿನ ಲೆಕ್ಕದಲ್ಲಿ ಆ ಬೇಟೆ ನಡೆದು ಸುಮಾರು 12,500 ವರ್ಷಗಳಾಗಿವೆ.

ಅನಂತರ ಆವಿಷ್ಕಾರಗಳು ಒಂದರ ಮೇಲೊಂದು ಬಂದುವು. ಅದೇ ಪ್ರಾಂತದ ಕ್ಲೋವಿಸ್ ಎಂಬ ಊರಿನ ಬಳಿ ಮ್ಯಾಮತ್ತಿನ ಎಲುಬುಗಳ ಜೊತೆಗೆ ಇನ್ನೂ ಹಳೆಯ ಭರ್ಜಿಮೊನೆಗಳು ಸಿಕ್ಕಿದುವು. ಇವುಗಳ ವಯಸ್ಸು ಸುಮಾರು 13,000 ವರ್ಷ. ವಯಸ್ಸನ್ನು ಹೀಗೆ ಅಂಕಿಗಳಲ್ಲಿ ಹೇಳಲು ಸಾಧ್ಯವಾದುದು 1949ರಲ್ಲಿ ವಿಲರ್ಡ್ ಲಿಬ್ಬಿಯವರು ಇಂಗಾಲದ ಕಾಲಗಣನೆಯನ್ನು ಕಂಡುಹಿಡಿದ ಮೇಲೆ. ಜೀವಿಯು ಬದುಕಿರುವವರೆಗೆ ಗಾಳಿ ಆಹಾರಗಳಿಂದ ಒಂದು ಬಗೆಯ ವಿಕಿರಣಶೀಲ ಇಂಗಾಲವನ್ನು ಪಡೆಯುತ್ತಲೇ ಇರುತ್ತದೆ. ಸತ್ತ ಮೇಲೆ ಹೊಸದು ಸೇರುವುದಿಲ್ಲ. ಇದ್ದುದು ಸುಮಾರು 5,730 ವರ್ಷಗಳಿಗೊಮ್ಮೆ ಅರ್ಧವಾಗುತ್ತ ಹೋಗುತ್ತದೆ. ಉಳಿದ ಅಂಶವನ್ನು ಅಳೆದರೆ ಸತ್ತ ಕಾಲವು ತಿಳಿಯುತ್ತದೆ. ಈ ಉಪಕಾರಕ್ಕಾಗಿ ಲಿಬ್ಬಿಯವರಿಗೆ 1960ರಲ್ಲಿ ನೊಬೆಲ್ ಪಾರಿತೋಷಕ ದೊರೆಯಿತು.

ಕ್ಲೋವಿಸ್ ಜನರೇ ಮೊದಲಿಗರೆಂಬ ಮತವು ಅರ್ಧ ಶತಮಾನ ಕಾಲ ರಾಜ್ಯವಾಳಿತು. ಅದನ್ನು ಅಲುಗಿಸಿದುದು ದಕ್ಷಿಣದ ಚಿಲಿ ದೇಶದ ಮಾಂಟೆ ವೆರ್ಡೆ. ಅಲ್ಲಿ ಟಾಮ್ ಡಿಲ್ಲೆಹೇ ಎಂಬ ವಿದ್ವಾಂಸರು 1977ರಿಂದ ಅಗೆದು, ಜೌಗು ನೆಲದಡಿಯಲ್ಲಿ ಕೊಳೆಯದೆ ಉಳಿದಿದ್ದ ಗುಡಿಸಲಿನ ಮರಗಳನ್ನೂ, ಹಗ್ಗದ ಗಂಟುಗಳನ್ನೂ, ಕಾಡು ಆಲೂಗೆಡ್ಡೆಯ ಶೇಷವನ್ನೂ ಬೆಳಕಿಗೆ ತಂದರು. ಅವರ ಗಣನೆಯಂತೆ ಅದರ ವಯಸ್ಸು 14,500 ವರ್ಷ. 1997ರಲ್ಲಿ ತಜ್ಞರ ತಂಡವೊಂದು ಸ್ಥಳಕ್ಕೆ ಹೋಗಿ ನೋಡಿ ಇದನ್ನು ಒಪ್ಪಿತು. 2021ರಲ್ಲಿ ಇನ್ನೂ ಬೆರಗಿನ ಸುದ್ದಿ ಬಂದಿತು. ನ್ಯೂ ಮೆಕ್ಸಿಕೋದ ವೈಟ್ ಸ್ಯಾಂಡ್ಸ್ ಎಂಬಲ್ಲಿ, ಬತ್ತಿಹೋದ ಸರೋವರದ ಅಂಚಿನಲ್ಲಿ ಮನುಷ್ಯರ ಹೆಜ್ಜೆಗುರುತುಗಳು ದೊರೆತಿವೆ, ಅವುಗಳಲ್ಲಿ ಬಹಳವು ಮಕ್ಕಳವು, ಹದಿಹರೆಯದವರವು. ಅವುಗಳ ವಯಸ್ಸು 21,000ದಿಂದ 23,000 ವರ್ಷಗಳು! ಸಂದೇಹಪಟ್ಟವರಿದ್ದರು, ಮುಂದೆ 2023ರಲ್ಲಿ ಬೇರೆ ವಿಧಾನಗಳಿಂದ ಅಳೆದಾಗಲೂ ಅದೇ ಕಾಲ ಬಂದಿತು.

ಅದೇ ಬಯಲಿನ ಇನ್ನೊಂದು ಸಾಲಿನ ಹೆಜ್ಜೆಗಳ ವಿಷಯವನ್ನು ಹೇಳದೆ ಮುಂದೆ ಹೋಗಲಾರೆ. ಒಬ್ಬಳು ಹೆಂಗಸು, ಅಥವಾ ಎಳೆಯ ಪ್ರಾಯದವರೊಬ್ಬರು, ಕಂಕುಳಲ್ಲಿ ಮಗುವನ್ನೆತ್ತಿಕೊಂಡು ಜಾರುವ ಕೆಸರಿನಲ್ಲಿ ಒಂದು ಮೈಲಿಗೆ ಸಮೀಪ ಬಿರುಸಾಗಿ ನಡೆದಿದ್ದಾರೆ. ಅಲ್ಲಲ್ಲಿ ಮಗುವಿನ ಪುಟ್ಟ ಪಾದಗಳೂ ಮೂಡಿವೆ, ಕೈಸೋತು ಇಳಿಸಿರಬೇಕು. ಅದೇ ದಾರಿಯಲ್ಲಿ ಹಿಂದಿರುಗಿದ್ದಾರೆ, ಆಗ ಮಗುವಿಲ್ಲ. ಈ ನಡುವೆ ಒಂದು ಮ್ಯಾಮತ್ತೂ ಸ್ಲಾತ್ ಎಂಬ ದೈತ್ಯಪ್ರಾಣಿಯೂ ಆ ದಾರಿಯನ್ನು ಹಾದುಹೋಗಿವೆ. ಮಗುವನ್ನು ಯಾರ ಬಳಿಗೆ ಕರೆದೊಯ್ದರೋ, ಏಕೆ ಅಷ್ಟು ಅವಸರವೋ, ಹೇಳುವವರಿಲ್ಲ.

ಒಂದೇ ತಿಂಗಳು, ಎರಡು ಶವ

ಇಷ್ಟು ಹಳೆಯ ಕಾಲದ ಭರ್ಜಿಮೊನೆಗಳು ಹೇರಳವಾಗಿ ದೊರೆತರೂ ಅವನ್ನು ಹಿಡಿದ ಮನುಷ್ಯರ ಅವಶೇಷಗಳು ಬಹಳ ವಿರಳ. ಆದುದರಿಂದಲೇ ಅಂತಹ ಒಂದೊಂದು ಎಲುಬಿಗೂ ವಿದ್ವಾಂಸರ ಕಣ್ಣಿನಲ್ಲಿ ಚಿನ್ನದ ಬೆಲೆ. ಹೀಗಿರುವಾಗ 1996ರ ಜುಲೈ ತಿಂಗಳೊಂದರಲ್ಲಿಯೇ ಎರಡು ಕಡೆ ಪ್ರಾಚೀನ ಮಾನವನ ಅವಶೇಷಗಳು ದೊರೆತವು.

ಮೊದಲನೆಯದು ಜುಲೈ 4ರಂದು. ಅಲಾಸ್ಕದ ಪ್ರಿನ್ಸ್ ಆಫ್ ವೇಲ್ಸ್ ದ್ವೀಪದಲ್ಲಿ, ಮೊಣಕಾಲೂರಿಯೇ ನುಸುಳಬೇಕಾದ ಒಂದು ಗವಿಯುಂಟು. ಅದರ ಹೆಸರೂ ಅದೇ ಅರ್ಥದ್ದು. ಹಳೆಯ ಕರಡಿಗಳ ಎಲುಬುಗಳನ್ನು ಹುಡುಕುತ್ತಿದ್ದ ತಿಮೊತಿ ಹೀಟನ್ ಎಂಬ ವಿಜ್ಞಾನಿಗೆ ಅಲ್ಲಿ ಮನುಷ್ಯನ ದವಡೆ ಸಿಕ್ಕಿತು. ಅದು ಸುಮಾರು 10,300 ವರ್ಷಗಳ ಹಿಂದಿನ, ಇಪ್ಪತ್ತು ಚಿಲ್ಲರೆ ಪ್ರಾಯದ ಯುವಕನದು. ಎರಡನೆಯದು ಜುಲೈ 28ರಂದು. ವಾಷಿಂಗ್‌ಟನ್ ಸಂಸ್ಥಾನದ ಕೆನೆವಿಕ್ ಊರಿನಲ್ಲಿ ಕೊಲಂಬಿಯಾ ನದಿಯ ಮೇಲೆ ದೋಣಿಗಳ ಪಂದ್ಯ. ನೋಡಲು ಬಂದ ಇಬ್ಬರು ಕಾಲೇಜು ಹುಡುಗರ ಕಾಲಿಗೆ ನೀರಿನಲ್ಲಿ ಒಂದು ತಲೆಬುರುಡೆ ತಗುಲಿತು.

ಇಲ್ಲಿಂದ ಮುಂದೆ ಎರಡು ಕಥೆಗಳೂ ಎರಡು ದಾರಿ ಹಿಡಿದವು.

ಅಲಾಸ್ಕದಲ್ಲಿ ಅರಣ್ಯ ಇಲಾಖೆಯವರು ಕೆಲಸವನ್ನು ಅಲ್ಲಿಗೇ ನಿಲ್ಲಿಸಿ, ಆ ನಾಡಿನ ಮೂಲನಿವಾಸಿಗಳಾದ ಟ್ಲಿಂಗಿಟ್ ಜನರ ಹಿರಿಯರಿಗೆ ಹೇಳಿ ಕಳುಹಿಸಿದರು. ಹಿರಿಯರು ಸಭೆ ಸೇರಿದರು. ಸತ್ತವರನ್ನು ಕೆದಕುವುದು ಬೇಡವೆಂದವರು ಕೆಲವರು. ಈ ಪೂರ್ವಜನು ತನ್ನ ಕಾಲದ ವಿಷಯವನ್ನು ನಮಗೆ ತಿಳಿಸಲೆಂದೇ ಕಾಣಿಸಿಕೊಂಡಿದ್ದಾನೆ ಎಂದವರು ಕೆಲವರು. ಕಡೆಗೆ, ಇದು ವಿಧಿವತ್ತಾಗಿ ಹೂತ ಸಮಾಧಿಯೆಂದು ಕಂಡುಬಂದರೆ ಅಗೆತವು ನಿಲ್ಲಬೇಕು, ತಿಳಿದು ಬಂದುದನ್ನು ಪತ್ರಿಕೆಗಳಿಗಿಂತ ಮೊದಲು ತಮಗೆ ತಿಳಿಸಬೇಕು ಎಂಬ ಷರತ್ತುಗಳೊಡನೆ ಪರೀಕ್ಷೆಗೆ ಸಮ್ಮತಿಸಿದರು. ಅವರ ಮಕ್ಕಳೇ ಅಗೆತದಲ್ಲಿ ಕೈಗೂಡಿಸಿದರು. ಆ ಯುವಕನಿಗೆ 'ಶುಕಾ ಕಾ', ಅಂದರೆ ನಮಗಿಂತ ಮುಂದೆ ನಡೆದವನು, ಎಂದು ಹೆಸರಿಟ್ಟರು. ಅವನು ಕಡಲಿನ ಆಹಾರದಿಂದಲೇ ಬದುಕಿದ್ದನೆಂದು ಎಲುಬಿನ ರಸಾಯನ ಪರೀಕ್ಷೆಯು ತಿಳಿಸಿತು. ಮೊದಲಿಗರು ಮಂಜುಗಡ್ಡೆಗಳ ನಡುವಣ ನೆಲದ ದಾರಿಯಲ್ಲಿ ಮಾತ್ರ ಬಂದರೆಂಬ ಹಳೆಯ ನಂಬಿಕೆಯ ಬದಲು, ದೋಣಿಗಳಲ್ಲಿ ಕರಾವಳಿಯನ್ನು ಹಿಡಿದು ಬಂದಿರಬಹುದೆಂಬ ವಿಚಾರಕ್ಕೆ ಇದರಿಂದ ಬಲ ಬಂದಿತು. ಕಲಿಯಬೇಕಾದುದನ್ನು ಕಲಿತ ಮೇಲೆ, 2008ರಲ್ಲಿ, ಅವನನ್ನು ಮತ್ತೆ ಮಣ್ಣಿಗೆ ಸೇರಿಸಿದರು. ನ್ಯಾಯಾಲಯಕ್ಕೆ ಯಾರೂ ಹೋಗಲಿಲ್ಲ.

ಕೆನೆವಿಕ್ಕಿನ ಕಥೆ ಬೇರೆ. ಬುರುಡೆಯನ್ನು ಪರೀಕ್ಷಿಸಲು ಜೇಮ್ಸ್ ಚಾಟರ್ಸ್ ಎಂಬ ಪ್ರಾಕ್ತನಶಾಸ್ತ್ರಜ್ಞರನ್ನು ಕರೆಸಿದರು. ನದಿಯ ಕೆಸರಿನಿಂದ 300ಕ್ಕೂ ಹೆಚ್ಚು ಮೂಳೆಗಳನ್ನೂ ಚೂರುಗಳನ್ನೂ ಆಯ್ದು ಜೋಡಿಸಿದಾಗ ಹೆಚ್ಚು ಕಡಿಮೆ ಪೂರ್ಣ ಅಸ್ಥಿಪಂಜರವೇ ಆಯಿತು. ನಲವತ್ತರ ಆಸುಪಾಸಿನ ಗಂಡಸು. ತಲೆಬುರುಡೆಯ ಆಕಾರವನ್ನು ನೋಡಿದರೆ ಹತ್ತೊಂಬತ್ತನೆಯ ಶತಮಾನದಲ್ಲಿ ಬಂದು ನೆಲಸಿದ ಯಾರೋ ಬಿಳಿಯನಿರಬೇಕೆಂದು ಅವರಿಗೆ ತೋರಿತು. ಆದರೆ ಸೊಂಟದ ಎಲುಬಿನಲ್ಲಿ ಒಂದು ಕಲ್ಲಿನ ಭರ್ಜಿಮೊನೆ ಹೊಕ್ಕು ಕುಳಿತಿತ್ತು. ಅದರ ಸುತ್ತ ಎಲುಬು ಬೆಳೆದು ಗಾಯವು ಮಾಯ್ದಿತ್ತು. ಅಂದರೆ ಆ ಪೆಟ್ಟು ತಿಂದೂ ಅವನು ವರ್ಷಗಳ ಕಾಲ ಬದುಕಿದ್ದನು. ಕೈಯ ಒಂದು ಎಲುಬನ್ನು ಇಂಗಾಲ ಪರೀಕ್ಷೆಗೆ ಕಳುಹಿಸಿದಾಗ ವಯಸ್ಸು ಎಂಟು ಸಾವಿರ ವರ್ಷಗಳನ್ನು ಮೀರಿತು.

ಪತ್ರಿಕೆಗಳಿಗೆ ಹಬ್ಬವಾಯಿತು. 'ಬಿಳಿಯರ ಮುಖಲಕ್ಷಣ'ದ ಮನುಷ್ಯನು ಅಷ್ಟು ಹಿಂದೆಯೇ ಅಲ್ಲಿದ್ದನೆಂದ ಮೇಲೆ, ಇಂಡಿಯನ್ನರು ಮೊದಲಿಗರೆಂಬುದು ಸುಳ್ಳೇ ಎಂದು ಕೆಲವರು ಕೇಳತೊಡಗಿದರು. ಬುರುಡೆಯ ಮೇಲೆ ಜೇಡಿಮಣ್ಣಿನಿಂದ ಮುಖವನ್ನು ರೂಪಿಸಿದಾಗ ಅದು ಇಂಗ್ಲೆಂಡಿನ ಒಬ್ಬ ಪ್ರಸಿದ್ಧ ನಟನ ಮುಖವನ್ನು ಹೋಲಿತು. ನೆಲವನ್ನು ಕಳೆದುಕೊಂಡು, ಮಕ್ಕಳ ಭಾಷೆಯನ್ನೂ ಕಳೆದುಕೊಂಡು ಉಳಿದಿದ್ದ ಜನರಿಗೆ, ತಾವೇ ಮೊದಲಿಗರೆಂಬ ಮಾತೂ ಕೈಬಿಟ್ಟು ಹೋಗುವ ಸಂದರ್ಭ ಒದಗಿತು.

ವರ್ತಮಾನ ಕಾಲದ ಒಂದು ಕ್ರಿಯಾಪದ

ಉಮಟಿಲ್ಲಾ, ಯಾಕಮಾ, ನೆಜ್ ಪರ್ಸ್, ಕೊಲ್ವಿಲ್, ವನಪಮ್ ಎಂಬ ಐದು ಕುಲಗಳವರು ಒಟ್ಟಾಗಿ ಮುಂದೆ ಬಂದರು. ಪತ್ರಿಕೆಗಳು 'ಕೆನೆವಿಕ್ ಮನುಷ್ಯ' ಎಂದು ಕರೆದವನನ್ನು ಅವರು 'ಪುರಾತನರು' ಎಂಬ ಅರ್ಥದ ಹೆಸರಿನಿಂದ ಗೌರವಿಸಿದರು. ಇವರು ನಮ್ಮ ಹಿರಿಯರು. ನಾವು ಎಲ್ಲಿಂದಲೋ ಬಂದವರೆಂದು ನಮ್ಮ ಕಥೆಗಳು ಹೇಳುವುದಿಲ್ಲ. ಇವರನ್ನು ಭೂಮಿಗೆ ಮರಳಿ ಒಪ್ಪಿಸುವುದು ನಮ್ಮ ಕರ್ತವ್ಯ. ಪರೀಕ್ಷೆ ಬೇಡ ಎಂದರು.

ಈ ಬಿಗುವಿನ ನಿಲುವಿಗೆ ಹಿನ್ನೆಲೆಯುಂಟು. ಹತ್ತೊಂಬತ್ತನೆಯ ಶತಮಾನದಲ್ಲಿ ಅಮೆರಿಕದ ಸೈನ್ಯದ ವೈದ್ಯರಿಗೆ ಇಂಡಿಯನ್ನರ ತಲೆಬುರುಡೆಗಳನ್ನು ಸಂಗ್ರಹಿಸಿ ಕಳುಹಿಸುವಂತೆ ಸೂಚನೆ ಹೋಗಿತ್ತು. ಯುದ್ಧಭೂಮಿಗಳಿಂದಲೂ ಹೊಸ ಗೋರಿಗಳಿಂದಲೂ ಬುರುಡೆಗಳು ಪೆಟ್ಟಿಗೆಗಳಲ್ಲಿ ರಾಜಧಾನಿಯನ್ನು ಸೇರಿದುವು. ಬಿಳಿಯರ ಮೆದುಳು ದೊಡ್ಡದು, ಇತರರದು ಚಿಕ್ಕದು ಎಂದು ತೋರಿಸಲು ಅವನ್ನು ಅಳೆದುದೂ ಉಂಟು. ವಸ್ತುಸಂಗ್ರಹಾಲಯಗಳ ಕಪಾಟುಗಳಲ್ಲಿ ಸಾವಿರಾರು ಜನರ ಅಜ್ಜ ಅಜ್ಜಿಯರು ಅಂಕಿ ಬರೆದ ಚೀಟಿಗಳೊಡನೆ ಕುಳಿತಿದ್ದರು. ಅವರನ್ನು ಸಂಬಂಧಿಕರಿಗೆ ಹಿಂದಿರುಗಿಸಬೇಕೆಂಬ ಶಾಸನವು ಆದುದು 1990ರಲ್ಲಿ. ಇಷ್ಟನ್ನು ಅನುಭವಿಸಿದವರು 'ಶಾಸ್ತ್ರಕ್ಕಾಗಿ' ಎಂಬ ಮಾತನ್ನು ಕೇಳಿ ಹಿಂಜರಿದರೆ ಆಶ್ಚರ್ಯವೇನು?

ನದಿಯ ದಡದ ನೆಲವು ಸೈನ್ಯದ ಎಂಜಿನಿಯರರ ವಶದಲ್ಲಿತ್ತು. ಅವರು ಅವಶೇಷಗಳನ್ನು ಕುಲಗಳಿಗೆ ಕೊಡಲು ನಿಶ್ಚಯಿಸಿದರು. ಒಡನೆಯೇ, 1996ರ ಅಕ್ಟೋಬರಿನಲ್ಲಿ, ಎಂಟು ಜನ ವಿಜ್ಞಾನಿಗಳು ಸರ್ಕಾರದ ಮೇಲೆ ದಾವೆ ಹೂಡಿದರು. ಅವರ ಪಕ್ಷವನ್ನೂ ನ್ಯಾಯವಾಗಿ ಕೇಳಬೇಕು. ಇಂತಹ ಪೂರ್ಣವಾದ ಅಸ್ಥಿಪಂಜರವು ತಲೆಮಾರಿಗೊಮ್ಮೆ ದೊರೆಯುವುದೂ ದುರ್ಲಭ. ಓದುವ ಮೊದಲೇ ಹೂತರೆ ಗ್ರಂಥವನ್ನು ಬಿಚ್ಚದೆ ಸುಟ್ಟಂತೆ. ಎಂಟು ಸಾವಿರ ವರ್ಷಗಳ ಹಿಂದಿನವನು ಇಂದಿನ ಇಂಥ ಕುಲಕ್ಕೇ ಸೇರಿದವನೆಂಬುದಕ್ಕೆ ಸಾಕ್ಷ್ಯವೇನು ಎಂಬುದು ಅವರ ವಾದ. ಅಸೂಯೆಯ ಮಾತಲ್ಲ ಅದು, ತಿಳಿವಿನ ಹಸಿವಿನ ಮಾತು.

ವಾದವು ಸುಮಾರು ಎಂಟು ವರ್ಷ ನಡೆಯಿತು. ಅವಶೇಷಗಳು ಸಿಯಾಟಲ್ ನಗರದ ಬರ್ಕ್ ವಸ್ತುಸಂಗ್ರಹಾಲಯದ ಬೀಗದೊಳಗೆ ಕುಳಿತುವು. 2002ರಲ್ಲಿ ಕೆಳಗಿನ ನ್ಯಾಯಾಲಯವೂ 2004ರಲ್ಲಿ ಮೇಲಿನ ನ್ಯಾಯಾಲಯವೂ ವಿಜ್ಞಾನಿಗಳ ಪರವಾಗಿ ತೀರ್ಪಿತ್ತವು. ಭಾಷೆಯನ್ನು ಕಲಿಸುವವನಾದ ನನಗೆ ಆ ತೀರ್ಪಿನ ಒಂದು ಅಂಶವು ಮನಸ್ಸಿನಲ್ಲಿ ನಿಂತಿದೆ. ಶಾಸನದ ವ್ಯಾಖ್ಯೆಯು ಅಮೆರಿಕದ ಮೂಲನಿವಾಸಿ 'ಆಗಿರುವ' ಕುಲ ಅಥವಾ ಸಂಸ್ಕೃತಿಗೆ ಸಂಬಂಧಿಸಿದ ಅವಶೇಷ ಎಂದು ಹೇಳುತ್ತದೆ. 'ಆಗಿದ್ದ' ಎಂದು ಹೇಳುವುದಿಲ್ಲ. ಕ್ರಿಯಾಪದವು ವರ್ತಮಾನ ಕಾಲದಲ್ಲಿದೆ. ಆದುದರಿಂದ ಇಂದು ಬದುಕಿರುವ ಯಾವುದಾದರೊಂದು ಕುಲದೊಡನೆ ಸಂಬಂಧವು ಸಿದ್ಧವಾಗಬೇಕು, ಅದು ಸಿದ್ಧವಾಗಿಲ್ಲ ಎಂದಿತು ನ್ಯಾಯಾಲಯ. ಐದು ಕುಲಗಳ ಮನೆಮಾತಿನ ಕಥೆಗಳು ಅಷ್ಟು ಹಿಂದಿನ ಕಾಲಕ್ಕೆ ಸಾಕ್ಷಿಯಾಗಲಾರವೆಂದು ಎಣಿಸಿತು. ಒಂದು ವ್ಯಾಕರಣದ ಪ್ರತ್ಯಯದ ಮೇಲೆ ಒಬ್ಬ ಮನುಷ್ಯನ ಉತ್ತರಕ್ರಿಯೆ ನಿಂತಿತು!

ಅನಂತರ ಡಗ್ಲಸ್ ಔಸ್ಲಿಯವರ ನೇತೃತ್ವದಲ್ಲಿ ಪರೀಕ್ಷೆ ನಡೆದು, 2014ರಲ್ಲಿ ಒಂದು ಬೃಹದ್ಗ್ರಂಥವೇ ಹೊರಬಂದಿತು. ಅವನ ಪಕ್ಕೆಲುಬುಗಳು ಮುರಿದಿದ್ದುವು. ನೀರಿನ ಜೀವಿಗಳೇ ಅವನ ಮುಖ್ಯಾಹಾರವಾಗಿದ್ದುವು. ಅವನನ್ನು ಯಾರೋ ಅಂಗಾತ ಮಲಗಿಸಿ ಶ್ರದ್ಧೆಯಿಂದ ಹೂತಿದ್ದರು ಎಂದು ತಿಳಿಯಿತು. ತಲೆಬುರುಡೆಯ ಅಳತೆಯಿಂದ ಅವನು ಜಪಾನಿನ ಐನೂ ಜನರನ್ನೂ ಶಾಂತಸಾಗರದ ಪಾಲಿನೇಷಿಯನ್ನರನ್ನೂ ಹೋಲುವನೆಂದು ವಿದ್ವಾಂಸರು ಬರೆದರು.

ಎಲುಬಿನ ಒಳಗಣ ಬರಹ

ಬುರುಡೆಯ ಹೊರಗಿನ ಅಳತೆಯು ಹೇಳಿದ ಮಾತನ್ನು ಎಲುಬಿನ ಒಳಗಿನ ಬರಹವು ತಿದ್ದಿತು. ಪ್ರತಿಯೊಂದು ಜೀವಕೋಶದಲ್ಲಿಯೂ ಡಿ.ಎನ್.ಎ. ಎಂಬ ವಂಶದ ಲಿಪಿಯೊಂದು ಇರುವುದು ವಾಚಕರಿಗೆ ತಿಳಿದೇ ಇದೆ. ಕೆನೆವಿಕ್ಕಿನ ಎಲುಬುಗಳಿಂದ 2000ದಲ್ಲಿ ಅದನ್ನು ತೆಗೆಯಲು ಪ್ರಯತ್ನಿಸಿ ಸೋತಿದ್ದರು. ಹದಿನೈದು ವರ್ಷಗಳಲ್ಲಿ ವಿದ್ಯೆಯು ಬೆಳೆಯಿತು. ಡೆನ್ಮಾರ್ಕಿನ ಎಸ್ಕೆ ವಿಲ್ಲರ್‌ಸ್ಲೆವ್ ಅವರ ತಂಡವು ಕೈಯೆಲುಬಿನ ಒಂದು ಚೂರಿನಿಂದ ಆ ಲಿಪಿಯನ್ನು ಓದಿತು. ಐದು ಕುಲಗಳಲ್ಲಿ ಕೊಲ್ವಿಲ್ ಜನರು ಮಾತ್ರ ಹೋಲಿಸಿ ನೋಡಲು ತಮ್ಮ ಮಾದರಿಗಳನ್ನು ಕೊಟ್ಟರು. 2015ರ ಜೂನ್ ತಿಂಗಳಿನಲ್ಲಿ ಫಲಿತಾಂಶವು ಪ್ರಕಟವಾಯಿತು. ಐನೂ ಅಲ್ಲ, ಪಾಲಿನೇಷಿಯನ್ ಅಲ್ಲ, ಯುರೋಪಿನವನಂತೂ ಅಲ್ಲವೇ ಅಲ್ಲ. ಪ್ರಪಂಚದ ಎಲ್ಲ ಜನರಿಗಿಂತ ಅವನು ಅಮೆರಿಕದ ಮೂಲನಿವಾಸಿಗಳಿಗೆ ಹತ್ತಿರದವನು, ಮತ್ತು ಅವರಲ್ಲಿ ಕೊಲ್ವಿಲ್ ಜನರು ಅವನ ಸಮೀಪದ ಬಂಧುಗಳ ಸಾಲಿನಲ್ಲಿದ್ದಾರೆ! ಹತ್ತೊಂಬತ್ತು ವರ್ಷಗಳ ಹಿಂದೆ ಅಜ್ಜಿಯರ ಕಥೆಯನ್ನು ನಂಬಿ ಕುಲದವರು ಹೇಳಿದ ಮಾತನ್ನೇ ವಿಜ್ಞಾನವೂ ಹೇಳಿತು.

ಇದರ ಹಿಂದಿನ ವರ್ಷವೇ ಮತ್ತೊಂದು ಮಗುವಿನ ವಿಷಯದಲ್ಲಿಯೂ ಹೀಗೆಯೇ ಆಗಿತ್ತು. ಮಾಂಟಾನಾದಲ್ಲಿ 1968ರಲ್ಲಿ ಮಣ್ಣು ಅಗೆಯುವವರಿಗೆ ಎರಡು ವರ್ಷವೂ ತುಂಬದ ಗಂಡು ಶಿಶುವಿನ ಅವಶೇಷಗಳು ದೊರೆತಿದ್ದುವು. ಜೊತೆಗೆ ಕೆಮ್ಮಣ್ಣು ಬಳಿದ, ನೂರಕ್ಕೂ ಮೀರಿದ ಕ್ಲೋವಿಸ್ ಆಯುಧಗಳು. ಮಾತು ಕಲಿಯುವ ಮೊದಲೇ ಹೋದ ಕೂಸಿಗೆ ತಮ್ಮ ಬೆಲೆಬಾಳುವ ಆಯುಧಗಳನ್ನೆಲ್ಲ ಕೊಟ್ಟು ಕಳುಹಿಸಿದ ಆ ಹೆತ್ತವರ ದುಃಖವು 12,600 ವರ್ಷಗಳ ಈಚೆಗೂ ನಮಗೆ ಅರ್ಥವಾಗುತ್ತದೆ. 2014ರಲ್ಲಿ ಆ ಶಿಶುವಿನ ವಂಶಲಿಪಿಯನ್ನು ಓದಿದಾಗ, ಅದರ ಬಳಗದವರು ಇಂದಿನ ಅಮೆರಿಕದ ಬಹುಮಂದಿ ಮೂಲನಿವಾಸಿಗಳಿಗೆ ಪೂರ್ವಜರೆಂದು ತಿಳಿಯಿತು. ಅದೇ ವರ್ಷದ ಜೂನಿನಲ್ಲಿ ಕುಲದವರ ಪ್ರಾರ್ಥನೆಯೊಡನೆ ಮಗುವನ್ನು ಮತ್ತೆ ಮಲಗಿಸಿದರು.

ಹಾಗಾದರೆ ಕೆನೆವಿಕ್ಕಿನ ದಾವೆಯು ವ್ಯರ್ಥವೇ? ಹಾಗೆನ್ನಲಾಗದು. 1996ರಲ್ಲಿಯೇ ಎಲುಬುಗಳನ್ನು ಹೂತಿದ್ದರೆ ಈ ಸಾಕ್ಷ್ಯವು ಎಂದೆಂದಿಗೂ ದೊರೆಯುತ್ತಿರಲಿಲ್ಲ. 'ಮೊದಲಿಗರು ಬಿಳಿಯರು' ಎಂಬ ಪುಕಾರು ಇಂದಿಗೂ ಓಡಾಡುತ್ತಿತ್ತು. ಎದುರಾಳಿಗಳೆಂದು ಯಾರನ್ನು ಕುಲದವರು ಭಾವಿಸಿದರೋ ಅವರು ತಡೆದು ನಿಲ್ಲಿಸಿದುದರಿಂದಲೇ ಕುಲದವರ ಮಾತಿಗೆ ಪ್ರಮಾಣವು ಸಿಕ್ಕಿತು. ಆದರೆ ಅದಕ್ಕೆ ತೆತ್ತ ಬೆಲೆಯೂ ಕಡಿಮೆಯದಲ್ಲ. ಇಪ್ಪತ್ತು ವರ್ಷಗಳ ಕಾಲ ಒಂದು ಜನಾಂಗವು ತನ್ನ ಹಿರಿಯನನ್ನು ನೋಡಲು ಬೇರೆಯವರ ಕಟ್ಟಡದ ಬಾಗಿಲಿಗೆ ಹೋಗಿ ಪ್ರಾರ್ಥನೆ ಸಲ್ಲಿಸಿ ಬರಬೇಕಾಯಿತು. ಅಲಾಸ್ಕದವರು ಅದೇ ತಿಳಿವನ್ನು, ಯಾರ ಮನಸ್ಸನ್ನೂ ನೋಯಿಸದೆ, ಹನ್ನೆರಡು ವರ್ಷಗಳಲ್ಲಿ ಪಡೆದು ಮುಗಿಸಿದ್ದರು. ಎರಡು ಕಥೆಗಳಲ್ಲಿಯೂ ಎಲುಬುಗಳು ಒಂದೇ ಬಗೆಯವು, ಶಾಸನವೂ ಒಂದೇ, ವಿಜ್ಞಾನವೂ ಒಂದೇ. ಒಂದು ಕಡೆ ಮೊದಲು ಕೇಳಿದರು. ಇನ್ನೊಂದು ಕಡೆ ಮೊದಲು ಕೈಹಾಕಿದರು. ವ್ಯತ್ಯಾಸವೆಲ್ಲ ಅಷ್ಟರಲ್ಲಿದೆ.

ನಮ್ಮಲ್ಲಿ ಹಿರಿಯರು ಒಂದು ಗಿಡದ ಬೇರನ್ನು ಔಷಧಿಗೆಂದು ಕೀಳುವಾಗಲೂ ಗಿಡಕ್ಕೆ ಕೈಮುಗಿದು ಅಪ್ಪಣೆ ಕೇಳುವ ವಾಡಿಕೆಯಿತ್ತು. ಕೇಳಿದರೆ ಗಿಡವು ಉತ್ತರ ಹೇಳುತ್ತದೆಂದಲ್ಲ. ಕೀಳುವವನ ಕೈ ಹಗುರವಾಗುತ್ತದೆಂದು. ಮನುಷ್ಯರ ವಿಷಯದಲ್ಲಿಯಾದರೋ ಉತ್ತರ ಹೇಳುವವರು ಎದುರಿಗೇ ಇದ್ದರು.

2016ರ ಡಿಸೆಂಬರಿನಲ್ಲಿ ಅಮೆರಿಕದ ಅಧ್ಯಕ್ಷ ಒಬಾಮಾ ಅವರು ಸಹಿ ಮಾಡಿದ ಶಾಸನದಲ್ಲಿ, ಆ ಅವಶೇಷಗಳನ್ನು ಕುಲಗಳಿಗೆ ಒಪ್ಪಿಸತಕ್ಕದ್ದೆಂಬ ವಿಧಿಯು ಸೇರಿತು. 2017ರ ಫೆಬ್ರವರಿ 17ರಂದು ಐದು ಕುಲಗಳ ಪ್ರತಿನಿಧಿಗಳು ಬರ್ಕ್ ವಸ್ತುಸಂಗ್ರಹಾಲಯಕ್ಕೆ ಹೋಗಿ ಪೆಟ್ಟಿಗೆಗಳನ್ನು ಎಣಿಸಿ ತೆಗೆದುಕೊಂಡರು. ಮರುದಿನ ಬೆಳಗ್ಗೆ ಕೊಲಂಬಿಯಾ ಬಯಲಿನ ಒಂದು ಸ್ಥಳದಲ್ಲಿ ಇನ್ನೂರಕ್ಕೂ ಹೆಚ್ಚು ಜನರು ನೆರೆದು, ತಮ್ಮ ತಮ್ಮ ಕುಲದ ವಿಧಿಗಳಂತೆ, 'ಪುರಾತನರ'ನ್ನು ಭೂಮಿಗೆ ಒಪ್ಪಿಸಿದರು. ಸ್ಥಳವು ಯಾವುದೆಂದು ಹೊರಗಿನವರಿಗೆ ತಿಳಿಸಿಲ್ಲ. ಅಳತೆಗಳ ಗ್ರಂಥವು ಪುಸ್ತಕಭಂಡಾರಗಳಲ್ಲಿದೆ. ಬೇಕಾದವರು ತೆರೆದು ಓದಬಹುದು. ಮೂಳೆಯು ಹೇಳಬೇಕಾದುದನ್ನು ಹೇಳಿತ್ತು. ಅಸ್ಥಿಗೆ ಸಲ್ಲಬೇಕಾದುದೂ ಕಡೆಗೆ ಸಂದಿತು.